ಅಮೀರಬಾಯಿ ಕರ್ನಾಟಕಿ

ಕೃಷ್ಣಾ ತುಂಗಭದ್ರೆಗಳ ನಡುವಣ ರಾಯಚೂರು, ದೇವದುರ್ಗ, ಮಾನವಿ ಸೀಮೆಗಳು 1948ರ ಸೆಪ್ಟೆಂಬರಿನವರೆಗೆ ನಿಜಾಮರ ಆಳಿಕೆಯಲ್ಲಿದ್ದುವು. ಮೇಲ್ದಿಕ್ಕಿನ ವಿಜಾಪುರ ಜಿಲ್ಲೆಯು ಮುಂಬಯಿ ಪ್ರಾಂತಕ್ಕೆ ಸೇರಿದ್ದಿತು. ಕರ್ನಾಟಕವೆಂಬ ಹೆಸರಿನ ರಾಜ್ಯವು ಆಗ ಭೂಪಟದಲ್ಲಿ ಎಲ್ಲಿಯೂ ಇರಲಿಲ್ಲ. ಅಂತಹ ಕಾಲದಲ್ಲಿ ಆ ನಾಡಿನ ಹೆಸರನ್ನೇ ಅಡ್ಡಹೆಸರಾಗಿ ಧರಿಸಿ, ಅದನ್ನು ಮುಂಬಯಿ ಕಲಕತ್ತೆಗಳ ಜನರ ಬಾಯಲ್ಲಿ ನೆಲೆಗೊಳಿಸಿದವಳು ಬೀಳಗಿಯ ಅಮೀರಬಾಯಿ.

ಆಕೆಯ ಮನೆತನವು ಸಂಗೀತ ನಾಟಕಗಳಲ್ಲಿ ನುರಿತುದು. ಅಕ್ಕತಂಗಿಯರಲ್ಲಿ ಗೋಹರಬಾಯಿಯು ಬಾಲಗಂಧರ್ವರೊಡನೆ ರಂಗಭೂಮಿಯಲ್ಲಿ ಪಾತ್ರ ವಹಿಸಿ ಪ್ರಸಿದ್ಧಳಾದಳು. ಅಮೀರಬಾಯಿಯು 1934ರಲ್ಲಿ ‘ವಿಷ್ಣುಭಕ್ತಿ’ಯೆಂಬ ಬೋಲಪಟದಿಂದ ಚಿತ್ರರಂಗವನ್ನು ಪ್ರವೇಶಿಸಿದಳು. 1940ರ ‘ನರಸೀ ಭಗತ್’ ಚಿತ್ರದಲ್ಲಿ ಆಕೆ ಹಾಡಿದ ನರಸೀ ಮೆಹತಾನ ಭಜನೆಯು ಬಹಳ ಜನರನ್ನು ಮುಟ್ಟಿತು.

ಮೊದಲಿಗೆ ಬೋಲಪಟದಲ್ಲಿ ನಟಿಸುವವರೇ ಹಾಡಬೇಕಾಗಿದ್ದಿತು. 1935ರಿಂದೀಚೆಗೆ ಹಾಡನ್ನು ಬೇರೆಯಾಗಿ ಮುದ್ರಿಸಿ, ನಟಿಯು ಅದಕ್ಕೆ ತುಟಿಯನ್ನು ಹೊಂದಿಸುವ ಕ್ರಮವು ಬಂದಿತು. ಮುಖವೊಬ್ಬರದು, ಕಂಠ ಮತ್ತೊಬ್ಬರದು! ಶಬ್ದವು ಆಕಾಶದ ಗುಣ, ಅದಕ್ಕೆ ರೂಪದ ಹಂಗಿಲ್ಲವೆಂದು ತಾರ್ಕಿಕರು ಹೇಳುವ ಮಾತು ಇಲ್ಲಿ ಪ್ರತ್ಯಕ್ಷವಾಯಿತೆನ್ನಬೇಕು. 1943ರಲ್ಲಿ ಬಾಂಬೆ ಟಾಕೀಸ್ ಸಂಸ್ಥೆಯ ‘ಕಿಸ್ಮತ್’ ತೆರೆಗೆ ಬಂದಾಗ ಜನರು ಕಂಡುದು ಮುಮ್ತಾಜ್ ಶಾಂತಿಯ ಮುಖವನ್ನು, ಕೇಳಿದುದು ಅಮೀರಬಾಯಿಯ ಕಂಠವನ್ನು. ಅನಿಲ ಬಿಸ್ವಾಸರ ಸಂಗೀತವಿದ್ದ ಆ ಚಿತ್ರವು ಕಲಕತ್ತೆಯ ರಾಕ್ಸಿ ಮಂದಿರವೊಂದರಲ್ಲಿಯೇ ಮೂರು ವರ್ಷಗಳಿಗೆ ಮಿಕ್ಕಿ ನಡೆಯಿತು. ಮರುವರ್ಷದ ‘ರತನ್’, 1946ರ ಗುಜರಾತಿ ‘ರಾಣಕದೇವಿ’, 1947ರ ‘ಶಹನಾಯಿ’, ಹೀಗೆ ಕೀರ್ತಿಯು ಬೆಳೆಯುತ್ತ ಹೋಯಿತು. 1948ರಲ್ಲಿ ‘ಶಹನಾಜ್’ ಚಿತ್ರಕ್ಕೆ ಆಕೆಯೇ ಸಂಗೀತವನ್ನು ಸಂಯೋಜಿಸಿದಳು. ಸ್ತ್ರೀಯರಿಗೆ ಆ ಅಧಿಕಾರವು ದೊರೆಯುವುದು ಅಂದು ತೀರ ಅಪರೂಪ.

ನಟ ಹಿಮಾಲಯವಾಲಾನೊಡನೆ ಆಕೆಯ ದಾಂಪತ್ಯವು ಸುಖಕರವಾಗಲಿಲ್ಲ.

ಆಕೆ ಹಾಡಿದುದು ಬಹುಮಟ್ಟಿಗೆ ಹಿಂದೀ ಗುಜರಾತಿಗಳಲ್ಲಿ. ಆದ್ದರಿಂದ ಕನ್ನಡಕ್ಕೆ ಆಕೆಯಿಂದೇನಾಯಿತೆಂದು ಕೇಳುವವರುಂಟು. ಈ ಆಕ್ಷೇಪವು ರಾಯಚೂರಿನವರಿಗೆ ಒಪ್ಪತಕ್ಕುದಲ್ಲ. ನಿಜಾಮರ ಆಳಿಕೆಯಲ್ಲಿ ಕಚೇರಿಯ ಭಾಷೆಯೂ ಶಾಲೆಯ ಭಾಷೆಯೂ ಉರ್ದುವಾಗಿ, ಮನೆಯೊಳಗೆ ಮಾತ್ರ ಕನ್ನಡವನ್ನು ಉಳಿಸಿಕೊಂಡ ಸೀಮೆಯಿದು. ಅನ್ನವಿತ್ತ ಭಾಷೆಯೊಂದು, ಹೆತ್ತ ನಾಡಿನ ಭಾಷೆಯೊಂದು ಎಂಬ ಸ್ಥಿತಿಯು ಮಾನವಿ ದೇವದುರ್ಗಗಳ ಗುಮಾಸ್ತರಿಗೂ ಪರಿಚಿತವಾದುದೇ. ಅವರನ್ನು ಕನ್ನಡಿಗರಲ್ಲವೆಂದು ಯಾರು ಹೇಳಿದರು? ಬೇಕೆಂದಿದ್ದರೆ ಆಕೆ ಹೆಸರಿನಿಂದ ನಾಡನ್ನು ಕಳಚಿಹಾಕಬಹುದಾಗಿತ್ತು, ಕಳಚಲಿಲ್ಲ.

1949ರ ಸುಮಾರಿಗೆ ಲತಾ ಮಂಗೇಶಕರರ ತೆಳುವಾದ ಹೊಸ ಕಂಠವು ಮುಂದೆ ಬಂದಿತು. ತುಂಬುದನಿಯ ಹಳಬರಿಗೆ ಕರೆಗಳು ಕಡಮೆಯಾದುವು. ಅಮೀರಬಾಯಿಯು ತಿರುಗಿ ಚಿಕ್ಕಪುಟ್ಟ ಪಾತ್ರಗಳ ನಟನೆಗೆ ಮರಳಿದಳು. 1965ರ ಮಾರ್ಚ್ 3ರಂದು ಆಕೆ ತೀರಿಕೊಂಡಳು. ಕನ್ನಡ ಸೀಮೆಗಳು 1956ರಲ್ಲಿ ಒಂದಾಗಿದ್ದರೂ ರಾಜ್ಯದ ಹೆಸರು ಆಗ ಇನ್ನೂ ಮೈಸೂರೆಂದೇ ಇದ್ದಿತು, ಕರ್ನಾಟಕವೆಂದಾದುದು 1973ರಲ್ಲಿ. ಮುಂದೆ ರಹಮತ್ ತರೀಕೆರೆಯವರು ಆಕೆಯ ಜೀವನವನ್ನು ಕುರಿತು ಕನ್ನಡದಲ್ಲಿ ಒಂದು ಗ್ರಂಥವನ್ನೇ ಬರೆದರು.