ಕಂಠಗಳ ಗುರುತು ಹಿಡಿದ ಜಿ.ಕೆ. ವೆಂಕಟೇಶ್

ಡಾ. ರಾಜ್‌ಕುಮಾರ್ ನಟರಷ್ಟೇ ಅಲ್ಲ, ಗಾಯಕರೂ ಹೌದೆಂಬುದನ್ನು ಕನ್ನಡಿಗರಿಗೆ ಹೇಳಬೇಕಾಗಿಲ್ಲ. ಆದರೆ ಚಿತ್ರರಂಗಕ್ಕೆ ಬಂದು ಇಪ್ಪತ್ತು ವರ್ಷವಾಗುವವರೆಗೂ ತೆರೆಯ ಮೇಲೆ ಅವರ ಹಾಡುಗಳಿಗೆ ದನಿಯಾದವರು ಬಹುಮಟ್ಟಿಗೆ ಪಿ.ಬಿ. ಶ್ರೀನಿವಾಸ್. ಆ ರೂಢಿಯನ್ನು ಬದಲಿಸಿದವರು ಸಂಗೀತ ನಿರ್ದೇಶಕ ಜಿ.ಕೆ. ವೆಂಕಟೇಶ್.

1927ರಲ್ಲಿ ಹೈದರಾಬಾದಿನಲ್ಲಿ ಜನಿಸಿದ ವೆಂಕಟೇಶ್ ವೀಣಾವಾದಕರು. ಮದರಾಸಿನಲ್ಲಿ ಸಿ.ಆರ್. ಸುಬ್ಬರಾಮನ್ ಅವರ ಬಳಗದಲ್ಲಿ ಪಳಗಿದರು. ಕನ್ನಡ ಚಿತ್ರಗಳ ಧ್ವನಿಮುದ್ರಣವೂ ಆಗ ಅಲ್ಲಿಯೇ ನಡೆಯುತ್ತಿದ್ದುದರಿಂದ, ಐವತ್ತರ ದಶಕದಲ್ಲಿ ಕನ್ನಡದ ಅವಕಾಶಗಳು ಅವರನ್ನು ಅರಸಿ ಬಂದವು. ಮನೆಮಾತು ತೆಲುಗಾದರೂ ಅವರು ಹೆಚ್ಚು ಹೆಸರು ಮಾಡಿದ್ದು ಕನ್ನಡದಲ್ಲಿ.

1961ರ 'ಕಣ್ತೆರೆದು ನೋಡು' ಚಿತ್ರದಲ್ಲಿ ಕನ್ನಡದ ಮಕ್ಕಳೆಲ್ಲ ಒಂದಾಗಬೇಕೆಂದು ಕರೆ ಕೊಡುವ ಹಾಡಿಗೆ ಅವರು ರಾಗ ಸಂಯೋಜಿಸಿದ್ದಷ್ಟೇ ಅಲ್ಲ, ತಾವೇ ಹಾಡಿದರು. ಕನ್ನಡನಾಡು ಏಕೀಕರಣಗೊಂಡು ಐದು ವರ್ಷವಾಗಿದ್ದರೂ 'ಕರ್ನಾಟಕ' ಎಂಬ ಹೆಸರು ಇನ್ನೂ ದೊರೆಯದಿದ್ದ ಕಾಲವದು. ರಾಜ್ಯೋತ್ಸವದ ವೇದಿಕೆಗಳಲ್ಲಿ ಇಂದಿಗೂ ಕೇಳಿಬರುವ ಆ ಹಾಡಿನ ದನಿ ಅದರ ಸಂಗೀತ ನಿರ್ದೇಶಕರದೇ ಎಂಬುದು ಎಲ್ಲರಿಗೂ ತಿಳಿದಿರಲಾರದು.

ಯಾವ ಹಾಡಿಗೆ ಯಾವ ಕಂಠ ಒಪ್ಪುತ್ತದೆ ಎಂಬುದನ್ನು ಅರಿಯುವುದೇ ವೆಂಕಟೇಶರ ಹೆಚ್ಚುಗಾರಿಕೆ. ಅ.ನ.ಕೃ. ಅವರ ಕಾದಂಬರಿ ಆಧರಿಸಿದ 'ಸಂಧ್ಯಾರಾಗ' (1966) ಸಂಗೀತಗಾರನೊಬ್ಬನ ಕಥೆ. ಅದಕ್ಕಾಗಿ ಹಿಂದೂಸ್ತಾನಿಯ ಭೀಮಸೇನ ಜೋಶಿ ಹಾಗೂ ಕರ್ನಾಟಕ ಪದ್ಧತಿಯ ಎಂ. ಬಾಲಮುರಳಿಕೃಷ್ಣ ಇಬ್ಬರೂ ಹಾಡಿದರು. ಹಳ್ಳಿಯ ಶಹನಾಯಿ ವಾದಕನ ಬದುಕನ್ನು ಹೇಳುವ 'ಸನಾದಿ ಅಪ್ಪಣ್ಣ' (1977) ಚಿತ್ರದಲ್ಲಿ ನಾಯಕನ ವಾದ್ಯಕ್ಕೆ ಉಸಿರು ಕೊಟ್ಟವರು ಉಸ್ತಾದ್ ಬಿಸ್ಮಿಲ್ಲಾ ಖಾನ್. ಅವರ ಶಹನಾಯಿಗೆ ಸರಿಸಾಟಿಯಾಗಿ ಎಸ್. ಜಾನಕಿ ಹಾಡಿದ ಗೀತೆ ಕನ್ನಡ ಚಿತ್ರಸಂಗೀತದ ಮೇರು ಕೃತಿಗಳಲ್ಲೊಂದು.

ಇವೆರಡೂ ಹೆಸರಾಂತ ಕಲಾವಿದರನ್ನು ಕರೆತಂದ ಪ್ರಸಂಗಗಳು. ಎದುರಿಗೇ ಇದ್ದ ಕಂಠವನ್ನು ಗುರುತಿಸಿದ್ದು ಬೇರೆಯೇ ಬಗೆಯದು. ಗುಬ್ಬಿ ಕಂಪನಿಯ ರಂಗಭೂಮಿಯಿಂದ ಬಂದ ರಾಜ್‌ಕುಮಾರ್ ಹಾಡುವುದನ್ನು ಬಲ್ಲವರೇ. 1959ರ 'ಮಹಿಷಾಸುರ ಮರ್ದಿನಿ'ಯಲ್ಲಿ ವೆಂಕಟೇಶ್ ಅವರಿಂದ ಜಾನಕಿಯವರ ಜತೆ ಯುಗಳಗೀತೆಯೊಂದನ್ನು ಹಾಡಿಸಿದ್ದರು. ಆದರೆ ಅದು ಅಲ್ಲಿಗೇ ನಿಂತಿತು. ಮುಂದೆ 'ಕಸ್ತೂರಿ ನಿವಾಸ', 'ಬಂಗಾರದ ಮನುಷ್ಯ' ಚಿತ್ರಗಳಲ್ಲಿಯೂ ಶ್ರೀನಿವಾಸರ ಕಂಠವೇ ರಾಜ್‌ಕುಮಾರ್ ಕಂಠವೆನ್ನುವಷ್ಟು ಹೊಂದಿಕೊಂಡಿತ್ತು.

1974ರ 'ಸಂಪತ್ತಿಗೆ ಸವಾಲ್' ಚಿತ್ರದ ಒಂದು ಹಾಡಿನ ಹೊತ್ತಿಗೆ ಶ್ರೀನಿವಾಸ್ ಲಭ್ಯರಿರಲಿಲ್ಲವೆಂದೂ, ರಾಜ್‌ಕುಮಾರ್ ಅವರೇ ಹಾಡಬೇಕೆಂದು ವೆಂಕಟೇಶ್ ಪಟ್ಟು ಹಿಡಿದರೆಂದೂ ಚಿತ್ರರಂಗದಲ್ಲಿ ಪ್ರಚಲಿತವಾದ ಮಾತು. ನಾಯಕ ಎಮ್ಮೆಯ ಮೇಲೇರಿ ಹಾಡುವ ಆ ಗೀತೆ ಮನೆಮಾತಾಯಿತು. ಅಲ್ಲಿಂದ ಮುಂದೆ ತಮ್ಮ ಹಾಡುಗಳನ್ನು ರಾಜ್‌ಕುಮಾರ್ ತಾವೇ ಹಾಡತೊಡಗಿದರು. ಸುದೀರ್ಘ ಕಾಲದ ಜೋಡಿಯೊಂದು ಹೀಗೆ ಬೇರೆಯಾದದ್ದು ಶ್ರೀನಿವಾಸರ ಅಭಿಮಾನಿಗಳಿಗೆ ನಷ್ಟವೇ ಸರಿ.

ಇದೇ ಕಾಲದಲ್ಲಿ ವೆಂಕಟೇಶರ ಬಳಿ ಗಿಟಾರ್ ನುಡಿಸುತ್ತ ಸಹಾಯಕರಾಗಿದ್ದ ಯುವಕ 1976ರಲ್ಲಿ 'ಅನ್ನಕ್ಕಿಳಿ' ತಮಿಳು ಚಿತ್ರದ ಮೂಲಕ ಸ್ವತಂತ್ರ ಸಂಗೀತ ನಿರ್ದೇಶಕರಾದರು. ಅವರೇ ಇಳಯರಾಜ.

1992ರ 'ಜೀವನ ಚೈತ್ರ'ದ ಗಾಯನಕ್ಕೆ ರಾಜ್‌ಕುಮಾರ್ ಅವರಿಗೆ ರಾಷ್ಟ್ರ ಪ್ರಶಸ್ತಿ ಸಂದಿತು. ಅದರ ಸಂಗೀತ ಉಪೇಂದ್ರ ಕುಮಾರ್ ಅವರದು. ವೆಂಕಟೇಶ್ 1993ರಲ್ಲಿ ನಿಧನರಾದರು. ರಾಜ್‌ಕುಮಾರ್ ಹಾಡುಗಳೆಂದೇ ಜನ ನೆನೆಯುವ ಹಲವು ಗೀತೆಗಳು ವಾಸ್ತವವಾಗಿ ವೆಂಕಟೇಶರ ಹಾಡುಗಳು ಕೂಡ.