ಕನ್ನಡದ ಮೂಲಕ ಜಪಾನಿ ಮಾತು: ಆರಂಭಿಕ ಪಾಠಕ್ರಮದ ಒಂದು ಪರಿಶೀಲನೆ

ಭಾರತ ಮತ್ತು ಜಪಾನ್ 2021ರಲ್ಲಿ ನುರಿತ ಕೆಲಸಗಾರರ ಒಪ್ಪಂದಕ್ಕೆ ಸಹಿ ಹಾಕಿದ ಮೇಲೆ ಹಿರಿಯರ ಆರೈಕೆ, ಕೃಷಿ ಮೊದಲಾದ ಕೆಲಸಗಳಿಗೆ ಹೋಗಬಯಸುವವರಿಗೂ ಜಪಾನಿ ಮಾತು ಬೇಕಾಗಿದೆ. ಈ ಭಾಷೆ ಇನ್ನು ಬೆಂಗಳೂರು, ಬಿಡದಿಗಳ ಎಂಜಿನಿಯರರಿಗೆ ಮಾತ್ರ ಸಂಬಂಧಿಸಿದ್ದಲ್ಲ. ಚಳ್ಳಕೆರೆ ತಾಲ್ಲೂಕಿನ ಗೌರಸಮುದ್ರದ ಯುವಕ-ಯುವತಿಯರು ಇದನ್ನು ಯಾವ ಭಾಷೆಯ ಮೂಲಕ ಕಲಿಯಬೇಕು ಎಂಬುದು ನನ್ನ ಪ್ರಶ್ನೆ. ಚಳ್ಳಕೆರೆ–ಮೊಳಕಾಲ್ಮುರು ಸೀಮೆಯಲ್ಲಿ ಮನೆಯಲ್ಲಿ ತೆಲುಗು, ಶಾಲೆಯಲ್ಲಿ ಕನ್ನಡ ಆಡುವವರು ಬಹಳ. ಗೌರಸಮುದ್ರದ ಮಾರಮ್ಮನ ಜಾತ್ರೆಗೆ ಆಂಧ್ರದ ಭಕ್ತರೂ ಬರುತ್ತಾರೆ. ಎರಡು ನುಡಿಗಳ ನಡುವೆ ಓಡಾಡುವುದು ಅಲ್ಲಿನವರಿಗೆ ರೂಢಿ. ಎರಡರಲ್ಲೂ ಕ್ರಿಯಾಪದ ವಾಕ್ಯದ ಕೊನೆಗೇ ಬರುತ್ತದೆ, ಜಪಾನಿಯಲ್ಲೂ ಅಷ್ಟೇ.

ಹೋಲಿಕೆ ಇನ್ನೂ ಆಳವಾಗಿದೆ. ‘ತಬೆತೆ ಮಿಮಸು’ ಎಂದರೆ ‘ತಿಂದು ನೋಡುತ್ತೇನೆ’. ‘ತಬೆತೆ’ ತಿಂದು, ‘ಮಿಮಸು’ ನೋಡುತ್ತೇನೆ. ನಮ್ಮ ಹಾಗೆಯೇ ಅಲ್ಲಿಯೂ ‘ನೋಡು’ ಕಣ್ಣಿನ ಕೆಲಸವನ್ನು ಬಿಟ್ಟು ಪ್ರಯತ್ನದ ಅರ್ಥ ತಳೆಯುತ್ತದೆ. ‘ವಸುರೆತೆ ಶಿಮತ್ತ’ ಎಂಬುದು ‘ಮರೆತುಬಿಟ್ಟೆ’, ‘ಕಯ್ತೆ ಒಕು’ ಎಂಬುದು ‘ಬರೆದಿಡು’ವುದು. ಇದನ್ನು ವಂಶಸಂಬಂಧವೆಂದು ತಿಳಿಯಬಾರದು. ಜಪಾನಿನ ವಿದ್ವಾಂಸ ಸುಸುಮು ಓನೋ ಅವರ ತಮಿಳು–ಜಪಾನಿ ಸಂಬಂಧದ ಸಿದ್ಧಾಂತವನ್ನು ಹೆಚ್ಚಿನ ಭಾಷಾವಿಜ್ಞಾನಿಗಳು ಒಪ್ಪಿಲ್ಲ. ಆದರೆ ಕಲಿಯುವವರಿಗೆ ರಚನೆಯ ಹೋಲಿಕೆಯೇ ಸಾಕು.

1998ರಲ್ಲಿ ಮೊದಲು ಪ್ರಕಟವಾದ, ಬಹಳ ಕಡೆ ಬಳಕೆಯಲ್ಲಿರುವ ‘ಮಿನ್ನಾ ನೊ ನಿಹೊಂಗೊ’ ಪಠ್ಯದಲ್ಲಿ ‘ತಬೆತೆ’ಯಂಥ ‘ತೆ’ ರೂಪ ಬರುವುದು 14ನೆಯ ಪಾಠದಲ್ಲಿ, ‘ತಿಂದು ನೋಡು’ ಬಗೆಯ ‘ತೆ ಮಿರು’ 40ರಲ್ಲಿ. ಬೇರೆ ರಚನೆಯ ಭಾಷೆಯವರಿಗೆ ಈ ಅಂತರ ಬೇಕಾಗಬಹುದು. ಬಾಯಲ್ಲೇ ‘ಮಾಡಿ ನೋಡು’ ಇರುವವರನ್ನು ಇಪ್ಪತ್ತಾರು ಪಾಠ ಕಾಯಿಸುವುದು ವ್ಯರ್ಥ. ಸಂಭಾಷಣೆಯ ಅಭ್ಯಾಸ ಇಲ್ಲಿಂದಲೇ ಶುರುವಾಗಬೇಕು. ಒಬ್ಬರು ತಿಂಡಿ ಮುಂದಿಟ್ಟು ‘ತಬೆತೆ ಮಿತೆ ಕುದಸಯ್’ (ತಿಂದು ನೋಡಿ) ಎನ್ನಲಿ, ಇನ್ನೊಬ್ಬರು ‘ತಬೆತೆ ಮಿಮಸು’ ಎಂದು ಉತ್ತರಿಸಲಿ.

ಕನ್ನಡ ಲಿಪಿಯೂ ನೆರವಿಗಿದೆ. ಜಪಾನಿಯಲ್ಲಿ ಚಿಕ್ಕಮ್ಮ-ಅತ್ತೆಯರಿಗೆ ‘ಒಬಸನ್’, ಅಜ್ಜಿಗೆ ‘ಒಬಾಸನ್’. ಬಾ ಎನ್ನಲು ‘ಕಿತೆ’, ಅಂಚೆಚೀಟಿಗೆ ‘ಕಿತ್ತೆ’. ದೀರ್ಘವೂ ಒತ್ತೂ ಕನ್ನಡ ಬರಹದಲ್ಲಿ ಸ್ಪಷ್ಟವಾಗಿ ಕಾಣುತ್ತವೆ. ನಿಜವಾದ ತೊಡಕು ಇರುವುದು ಎಣಿಕೆಯಲ್ಲಿ. ‘ಮೂವರು’, ‘ಮೂರು’ ಎಂಬ ಒಂದೇ ಭೇದ ನಮ್ಮಲ್ಲಿದ್ದರೆ, ಅಲ್ಲಿ ಎಣಿಸುವಾಗ ಜನರಿಗೆ ‘ನಿನ್’, ಬಟ್ಟೆಯಂಥ ತೆಳು ವಸ್ತುಗಳಿಗೆ ‘ಮಯ್’, ಉದ್ದನೆಯವಕ್ಕೆ ‘ಹೊನ್’. ಹೆಚ್ಚಿನ ಅಭ್ಯಾಸ ಇದಕ್ಕೇ ಮೀಸಲಾಗಲಿ.

ಕನ್ನಡದಲ್ಲಿ ವ್ಯಾಕರಣ ವಿವರಿಸುವ ಜಪಾನಿ ಪಠ್ಯವನ್ನು ನಮ್ಮ ವಿಶ್ವವಿದ್ಯಾಲಯಗಳು ಸಿದ್ಧಪಡಿಸಬೇಕು. ಅದರಲ್ಲಿ ‘ತೆ’ ರೂಪದ ಪಾಠಕ್ಕೇ ‘ತೆ ಮಿರು’ ಸೇರಿರಲಿ.