ನುಡಿಯುವ ಕಲ್ಲುಗಳು

ಕಲ್ಲು ಮೂಕವೆಂಬುದು ನಮ್ಮ ಮಾತಿನ ರೂಢಿ. ಕೇಳಿದ್ದಕ್ಕೆ ಉತ್ತರ ಕೊಡದವನನ್ನು ‘ಕಲ್ಲಿನ ಹಾಗೆ ನಿಂತಿದ್ದಾನೆ’ ಎನ್ನುತ್ತೇವೆ. ಆದರೆ ಕಲ್ಲಿನೊಡನೆ ಬದುಕಿದವರು ಹಾಗೆ ಎಣಿಸಿದವರಲ್ಲ. ಮಡಕೆ ಕೊಳ್ಳುವ ಗೃಹಿಣಿ ಬೆರಳಿನಿಂದ ತಟ್ಟಿ ಬಿರುಕುಂಟೋ ಇಲ್ಲವೋ ಎಂದು ತಿಳಿಯುವಂತೆ, ಶಿಲ್ಪಿಯೂ ಕೆತ್ತನೆಗೆ ತೊಡಗುವ ಮೊದಲು ಕಲ್ಲನ್ನು ಬಡಿದು ಕೇಳುತ್ತಾನೆ. ಘಂಟೆಯಂತೆ ನುಡಿದರೆ ಪುಂಶಿಲೆ, ಕಂಚಿನ ತಾಳದಂತೆ ನುಡಿದರೆ ಸ್ತ್ರೀಶಿಲೆ, ನಾದವೇ ಇಲ್ಲದಿದ್ದರೆ ನಪುಂಸಕಶಿಲೆ ಎಂದು ಶಿಲ್ಪಶಾಸ್ತ್ರ ವಿಂಗಡಿಸುತ್ತದೆ.

ನಮ್ಮ ಮೂಡಿಗೆರೆ ತಾಲ್ಲೂಕಿನ ಅಂಗಡಿ, ಅಂದರೆ ಹಿಂದಿನ ಸೊಸೆವೂರು, ಹೊಯ್ಸಳರ ಮೂಲಸ್ಥಾನವಷ್ಟೆ. ವಿದ್ಯಾರ್ಥಿಗಳನ್ನು ಅಲ್ಲಿಗೆ ಕರೆದೊಯ್ದಾಗಲೆಲ್ಲ ಅವರು ಕೇಳುವುದು ಸಳನ ಹುಲಿಯ ಕಥೆಯನ್ನು. ಕಲ್ಲನ್ನು ಕುರಿತು ಕೇಳುವವರು ವಿರಳ. ಆದರೆ ಕಲ್ಲಿಗೆ ಕಿವಿಗೊಡುವ ವಿದ್ಯೆ ಹೊಯ್ಸಳರಿಗಿಂತಲೂ, ಶಾಸ್ತ್ರಗ್ರಂಥಗಳಿಗಿಂತಲೂ ಎಷ್ಟೋ ಹಳೆಯದು. ಅದರ ಸಾಕ್ಷಿಯನ್ನು ನೋಡಬೇಕಾದರೆ ನಾವು ಈ ಕಾಫಿಯ ತಂಪು ಬೆಟ್ಟಗಳನ್ನಿಳಿದು ಬಳ್ಳಾರಿಯ ಬಿಸಿಲಿಗೆ ಹೋಗಬೇಕು.

ಬಳ್ಳಾರಿಯ ಸಮೀಪದಲ್ಲಿ ಸಂಗನಕಲ್ಲು, ಕಪ್ಪಗಲ್ಲು ಎಂಬ ಊರುಗಳಿವೆ. ಅಲ್ಲಿಯ ಹಿರೇಗುಡ್ಡದ ಬೆಣಚುಕಲ್ಲನ್ನು ಸೀಳಿಕೊಂಡು ಕರಿಕಲ್ಲಿನ ಪಟ್ಟೆಯೊಂದು ಹಾದುಹೋಗಿದೆ. ಭೂಶಾಸ್ತ್ರಜ್ಞರು ಇದನ್ನು ಡೊಲರೈಟ್ ಎನ್ನುತ್ತಾರೆ. ಭೂಮಿಯೊಳಗಿನ ಕರಗಿದ ಶಿಲೆ ಬಿರುಕಿಗೆ ನುಗ್ಗಿ ಆರಿದಾಗ ಅದರ ಸಣ್ಣ ಸಣ್ಣ ಹರಳುಗಳು ಒಂದರೊಡನೊಂದು ಹೆಣೆದುಕೊಂಡು ಬಿಗಿಯಾದವು. ಹೀಗೆ ಬಿಗಿದ ಕಲ್ಲಿನಲ್ಲಿ ಪೆಟ್ಟಿನ ಕಂಪನ ಬೇಗ ಸಾಯುವುದಿಲ್ಲ. ನವಶಿಲಾಯುಗದ ಜನ ಈ ಕಲ್ಲಿನಿಂದಲೇ ಕೊಡಲಿಗಳನ್ನು ತಯಾರಿಸುತ್ತಿದ್ದರು. ಹಿರೇಗುಡ್ಡ ಅವರ ದೊಡ್ಡ ಕಾರ್ಖಾನೆಯೇ ಆಗಿತ್ತು. ಕೊಡಲಿಗಾಗಿ ಕಲ್ಲು ಒಡೆಯುತ್ತಿದ್ದವನ ಕಿವಿಗೇ ಅದರ ನಾದ ಮೊದಲು ಬಿದ್ದಿರಬೇಕು.

ಆ ಪಟ್ಟೆಯ ಬಂಡೆಗಳ ಮೇಲೆ ಉದ್ದ ಕೊಂಬಿನ, ಹಿಣಿಲುಳ್ಳ ದನಗಳ ಚಿತ್ರಗಳನ್ನು ಕುಟ್ಟಿ ಮೂಡಿಸಿದ್ದಾರೆ. ಫಾಸೆಟ್ ಎಂಬವರು 1892ರಲ್ಲಿಯೇ ಇವುಗಳನ್ನು ಕುರಿತು ಬರೆದರು. ಸಂಗನಕಲ್ಲಿನಲ್ಲಿ ಸುಬ್ಬರಾವ್ ಅವರು 1940ರ ದಶಕದಲ್ಲಿಯೂ, ಅನ್ಸಾರಿ ಮತ್ತು ನಾಗರಾಜರಾವ್ ಅವರು 1964-65ರಲ್ಲಿಯೂ ಉತ್ಖನನ ನಡೆಸಿದರು. ಆದರೆ ಬಂಡೆಗಳ ಮೇಲಿನ ಇನ್ನೊಂದು ಬಗೆಯ ಗುರುತಿನ ಅರ್ಥ ವಿದ್ವಲ್ಲೋಕದ ಗಮನಕ್ಕೆ ಚೆನ್ನಾಗಿ ಬಂದದ್ದು 2004ರಲ್ಲಿ, ನಿಕೋಲ್ ಬೋಯ್ವಿನ್ ಎಂಬ ವಿದುಷಿಯ ಲೇಖನದಿಂದ. ಕೆಲವು ಬಂಡೆಗಳಲ್ಲಿ ಚಿತ್ರವಲ್ಲದ, ನುಣುಪಾಗಿ ಸವೆದ ಗುಳಿಗಳಿವೆ. ಅವುಗಳ ಮೇಲೆ ಬೆಣಚುಕಲ್ಲಿನಿಂದ ಬಡಿದರೆ ಜಾಗಟೆಯಂಥ ನಾದ ಹೊಮ್ಮುತ್ತದೆ! ಇಂಥ ಗಟ್ಟಿ ಕಲ್ಲು ಒಂದೆರಡು ದಿನದ ಆಟದಲ್ಲಿ ಸವೆಯುವುದಲ್ಲ. ತಲೆಮಾರುಗಳ ಕೈಗಳು ಅಲ್ಲಿ ಬಡಿದಿರಬೇಕು.

ಈ ಅಭಿರುಚಿ ಒಂದು ಗುಡ್ಡಕ್ಕೆ ಸೀಮಿತವಲ್ಲ. ಗಂಗಾವತಿಯ ಬಳಿ ಹಿರೇಬೆಣಕಲ್ಲಿನ ಬೆಟ್ಟದ ಮೇಲೆ ಎರಡು ಸಾವಿರ ವರ್ಷಕ್ಕೂ ಹಿಂದಿನ ಶಿಲಾಗೋರಿಗಳು ನೂರಾರು ನಿಂತಿವೆ. ಜನ ಅವನ್ನು ಮೋರ್ಯರ ಮನೆಗಳೆನ್ನುತ್ತಾರೆ. ಅಲ್ಲಿಯೇ ನಗಾರಿಯಾಕಾರದ ಭಾರಿ ಗುಂಡೊಂದಿದೆ. ಬಡಿದರೆ ಅದರ ಸದ್ದು ಒಂದು ಕಿಲೋಮೀಟರಿಗೂ ಆಚೆ ಕೇಳಿಸುತ್ತದೆಂದು ಹೇಳುತ್ತಾರೆ. ಇಂಗ್ಲೆಂಡಿನ ಸ್ಟೋನ್‌ಹೆಂಜಿಗೆ ಇನ್ನೂರು ಕಿಲೋಮೀಟರಿಗೂ ದೂರದ ವೇಲ್ಸಿನಿಂದ ಸಾಗಿಸಿದ ನೀಲಿಗಲ್ಲುಗಳಲ್ಲಿಯೂ ಹೆಚ್ಚಿನವು ಇದೇ ಡೊಲರೈಟ್ ಜಾತಿಯವು. ಆ ಬೆಟ್ಟಗಳ ಬಳಿಯ ಒಂದು ಹಳ್ಳಿಯ ಹೆಸರಿಗೇ ‘ನುಡಿಯುವ ಕಲ್ಲು’ ಎಂದರ್ಥವಂತೆ.

ಇನ್ನು ಹಂಪೆಯ ವಿಠ್ಠಲ ದೇವಾಲಯದ 56 ಕಂಬಗಳ ಮಂಟಪವನ್ನು ಅರಿಯದವರಾರು? ಅಲ್ಲಿ ಒಂದೇ ಬಂಡೆಯಲ್ಲಿ ನಡುಗಂಬವನ್ನೂ ಅದರ ಸುತ್ತ ಸಪೂರವಾದ ಕಿರುಗಂಬಗಳನ್ನೂ ಬಿಡಿಸಿದ್ದಾರೆ. ಕಂಬದೊಳಗೆ ಪೊಳ್ಳುಂಟು ಎಂಬ ಮಾತು ಬಹುಕಾಲ ಬಳಕೆಯಲ್ಲಿತ್ತು. ಕಲ್ಪಾಕ್ಕಂನ ಪರಮಾಣು ಸಂಶೋಧನಾ ಕೇಂದ್ರದ ವಿಜ್ಞಾನಿಗಳು ಪರೀಕ್ಷಿಸಿದಾಗ ಅವು ಗಟ್ಟಿ ಕಂಬಗಳೇ ಎಂದು ತಿಳಿಯಿತು. ತುದಿಗಳೆರಡೂ ಬಿಗಿದ ಕಿರುಗಂಬ ನಡುವೆ ಬಾಗಿ ಕಂಪಿಸುವುದೇ ಆ ನಾದದ ಗುಟ್ಟು.

ಇಲ್ಲಿ ಗಮನಿಸಬೇಕಾದ ಸಂಗತಿಯೊಂದಿದೆ. ಕಲ್ಲಿನ ನಾದವಿರುವುದು ಕಲ್ಲಿನಲ್ಲಿ ಮಾತ್ರವಲ್ಲ, ಅದು ಕುಳಿತ ರೀತಿಯಲ್ಲಿ. ಹಿರೇಗುಡ್ಡದ ಬಂಡೆ ನುಡಿಯುವುದು ಅದು ಕೆಳಗಿನ ಕಲ್ಲನ್ನು ಕೆಲವೇ ಕಡೆ ತಾಗಿ ಬಿಡುಬೀಸಾಗಿರುವುದರಿಂದ. ಅದನ್ನೇ ಮಣ್ಣಿನಲ್ಲಿ ಹೂತರೆ, ಗಾರೆಯಲ್ಲಿ ನಿಲ್ಲಿಸಿದರೆ, ಸೊಲ್ಲಡಗುತ್ತದೆ. 1949ರಲ್ಲಿ ವಿಯೆಟ್ನಾಮಿನ ಮಧ್ಯದ ಎತ್ತರದ ನಾಡಿನಲ್ಲಿ (ಅದೂ ನಮ್ಮಂತೆ ಕಾಫಿ ಬೆಳೆಯುವ ಸೀಮೆಯೇ) ರಸ್ತೆ ಕೆಲಸದವರಿಗೆ ದೊರೆತ ನುಡಿಗಲ್ಲುಗಳನ್ನು ಪ್ಯಾರಿಸಿನ ವಸ್ತುಸಂಗ್ರಹಾಲಯಕ್ಕೆ ಒಯ್ದರು. ಅವು ಕಲ್ಲಿನ ಪಟ್ಟಿಗಳು, ಒಯ್ಯಬಹುದಿತ್ತು. ನಮ್ಮದಾದರೋ ಬೆಟ್ಟವೇ ವಾದ್ಯ. ಅದನ್ನು ಯಾವ ಗಾಜಿನ ಪೆಟ್ಟಿಗೆಯಲ್ಲಿ ಇಡೋಣ?

ಹಂಪೆಯ ಕಂಬಗಳನ್ನು ಬೆರಳಿನಿಂದಲೂ ತಟ್ಟಕೂಡದೆಂದು ಕಟ್ಟು ಮಾಡಿದ್ದಾರೆ, ಅದು ಸರಿಯೇ. ಆದರೆ ಅದಕ್ಕಿಂತ ಸಾವಿರಾರು ವರ್ಷ ಹಿರಿದಾದ ಬಳ್ಳಾರಿಯ ಗುಡ್ಡದಲ್ಲಿ ಕಲ್ಲುಗಣಿಯ ಕೆಲಸದಿಂದ ಚಿತ್ರಗಳಿಗೆ ಹಾನಿಯಾಗುತ್ತಿದೆಯೆಂದು 2004ರ ಆ ಲೇಖನವೇ ಎಚ್ಚರಿಸಿತ್ತು. ಒಂದು ಕಡೆ ಬೆರಳಿಗೂ ನಿಷೇಧ, ಇನ್ನೊಂದು ಕಡೆ ಸುತ್ತಿಗೆಗೆ ಸಲುಗೆ! ಕೆತ್ತಿದ ಕಲ್ಲನ್ನು ಇತಿಹಾಸವೆಂದು ಬಗೆಯುವ ನಾವು, ಕೆತ್ತದೆ ಕೇಳಿದ ಕಲ್ಲನ್ನು ಜಲ್ಲಿಯೆಂದು ಬಗೆದದ್ದರ ಫಲವಿದು.

ಬಳ್ಳಾರಿಯಲ್ಲಿ ಈಗ ರಾಬರ್ಟ್ ಬ್ರೂಸ್ ಫೂಟ್ ಅವರ ಹೆಸರಿನ ವಸ್ತುಸಂಗ್ರಹಾಲಯವಿದೆ. ಪುರಾತತ್ತ್ವಜ್ಞ ರವಿ ಕೋರಿಶೆಟ್ಟರ್ ಅವರ ಪರಿಶ್ರಮ ಅದರ ಹಿಂದಿದೆ. ಕೊಡಲಿಗಳು ಅಲ್ಲಿ ಭದ್ರವಾಗಿರುತ್ತವೆ, ಸಂತೋಷ. ನಾದವನ್ನು ಕಾಯಬೇಕಾದದ್ದು ಗುಡ್ಡದ ಮೇಲೆಯೇ. ಮುಳ್ಳಯ್ಯನಗಿರಿಯಿಂದ ಕಳಸದವರೆಗೆ ತೋಟಗಳ ನಡುವೆ ಹೆಸರಿಲ್ಲದ ಬಂಡೆಗಳೆಷ್ಟೋ ಕುಳಿತಿವೆ. ರಸ್ತೆಗೋ ಪಾಯಕ್ಕೋ ಅವನ್ನು ಸಿಡಿಸುವ ಮುನ್ನ ಮೈಮೇಲೆ ಸವೆದ ಗುಳಿಗಳುಂಟೇ ಎಂದು ನೋಡುವುದಕ್ಕೆ ಖರ್ಚೇನೂ ಇಲ್ಲ. ನಮ್ಮ ಶಿಲ್ಪಿಗಳು ಉಳಿಯೆತ್ತುವ ಮೊದಲು ಪಾಲಿಸುತ್ತಿದ್ದ ಮರ್ಯಾದೆ ಇಷ್ಟೇ ಆಗಿತ್ತು.